ಕೊನೆಯ ದೃಶ್ಯ ಬದಲಾಯಿಸು ಗೆಳೆಯಾ

ಪ್ರೀತಿಯ ಗೆಳೆಯಾ,

ನೀನು ಕಳಿಸಿದ ಸ್ಕ್ರಿಪ್ಟ್ ಓದಿದೆ. ಏಡ್ಸ್ ಬಗ್ಗೆ ಕಿರುಚಿತ್ರ ಮಾಡಿ, ಅದರಿಂದಲೇ ದುಡ್ಡು ಕೂಡಿಸಬೇಕು ಅನ್ನೋ ನಿನ್ನ ಆಸೆ ನನಗೆ ತುಂಬಾ ಹಿಡಿಸಿತು. ಆದರೆ ಆ ಕೊನೆಯ ದೃಶ್ಯ ಬೇಡ ಕಣೋ. ಆಸ್ಪತ್ರೆ ಮಂಚ, ಒಣಗಿದ ಕೈ, ಅಳುವ ಹೆಂಡತಿ. ಇದನ್ನೇ ನೋಡಿ ನೋಡಿ ಎಚ್‌ಐವಿ ಅಂದರೆ ಸಾವು ಅಂತ ಜನ ನಂಬಿದ್ದಾರೆ. ಹಾಗೆ ನಂಬಿದವರು ಪರೀಕ್ಷೆ ಮಾಡಿಸಿಕೊಳ್ಳೋಕೂ ಹೆದರುತ್ತಾರೆ.

2007ರಲ್ಲಿ ಚಿತ್ರ ನಿರ್ದೇಶಕಿ ಮೀರಾ ನಾಯರ್ ಮುಂದೆ ನಿಂತು 'ಏಡ್ಸ್ ಜಾಗೋ' ಅಂತ ನಾಲ್ಕು ಕಿರುಚಿತ್ರ ಮಾಡಿಸಿದರು. ಗೇಟ್ಸ್ ಫೌಂಡೇಶನ್ ದುಡ್ಡು ಕೊಟ್ಟಿತ್ತು. ಅದರಲ್ಲಿ ಸಂತೋಷ್ ಶಿವನ್ ಅವರ 'ಪ್ರಾರಂಭ' ನಮ್ಮ ಕನ್ನಡದ್ದೇ. ಪ್ರಭುದೇವ ಲಾರಿ ಡ್ರೈವರ್. ಅಮ್ಮನನ್ನು ಹುಡುಕಿ ಹೊರಟ ಹುಡುಗನೊಬ್ಬ ಆ ಲಾರಿ ಸೇರುತ್ತಾನೆ. ಎಚ್‌ಐವಿ ಇದೆ ಅಂತ ಅವನನ್ನು ಶಾಲೆಯಿಂದ ಹೊರಗೆ ಹಾಕಿರುತ್ತಾರೆ. ನಮಗೆ ಮೊದಲು ಕಾಣಿಸೋದು ಹುಡುಗ, ಕಾಯಿಲೆ ಆಮೇಲೆ. ನಿನ್ನ ಚಿತ್ರಕ್ಕೂ ಅದೇ ಬೇಕು.

ಎಚ್‌ಐವಿ ಮಾತ್ರೆ ಕೊಡುವ ಏಆರ್‌ಟಿ ಸೆಂಟರಿನಿಂದ ಊರಿಗೆ ಹೋಗುವವರನ್ನು ಗಮನಿಸು. ಕೆಲವರು ಮಾತ್ರೆ ಡಬ್ಬಿಯ ಚೀಟಿ ಅಲ್ಲೇ ಕಿತ್ತು ಹಾಕುತ್ತಾರೆ. ಬಸ್ಸಿನಲ್ಲಿ ಗಲಗಲ ಸದ್ದಾಗದ ಹಾಗೆ ಒಳಗೆ ಹತ್ತಿ ತುರುಕುತ್ತಾರೆ. ಆ ಹತ್ತಿಯನ್ನು ತೋರಿಸು ಸಾಕು, ಹಿನ್ನೆಲೆ ಸಂಗೀತವೂ ಬೇಕಾಗಿಲ್ಲ. ಅದೇ ಮಾತ್ರೆಯನ್ನು ದಿನಾ ತಪ್ಪದೆ ನುಂಗಿ, ವೈರಸ್ ಪರೀಕ್ಷೆಗೂ ಸಿಗದಷ್ಟು ಕಡಿಮೆಯಾಗಿ ಹಾಗೇ ಉಳಿದರೆ, ಲೈಂಗಿಕ ಸಂಪರ್ಕದಿಂದ ಸಂಗಾತಿಗೆ ಹರಡೋದಿಲ್ಲ. ಇದು ಎಷ್ಟು ಜನರಿಗೆ ಗೊತ್ತು ಹೇಳು?

ದುಡ್ಡಿನ ವಿಷಯ. ಮಾತ್ರೆ 2004ರಿಂದ ಸರ್ಕಾರವೇ ಪುಕ್ಕಟೆ ಕೊಡುತ್ತಿದೆ. ಹಾಗಾಗಿ 'ಔಷಧಿಗೆ ನೆರವಾಗಿ' ಅಂತ ಕೇಳಬೇಡ. ನಮ್ಮ ಕರ್ನಾಟಕದಲ್ಲಿ ಹೆಂಗಸರಿಗೆ ಈಗ ಸಾಮಾನ್ಯ ಸರ್ಕಾರಿ ಬಸ್ಸೂ ಪುಕ್ಕಟೆ, ಗಂಡಸರು ಟಿಕೆಟ್ ತೆಗೆಸಬೇಕು. ಸೆಂಟರಿಗೆ ಬಂದ ದಿನದ ಕೂಲಿಯಂತೂ ಇಬ್ಬರಿಗೂ ಹೋಯಿತು. ಮಕ್ಕಳಿಗೆ ಮೊಟ್ಟೆ, ಹಾಲು, ಬೇಳೆ ಬೇಕು. ದುಡ್ಡು ಕೇಳೋದಾದರೆ ಇದಕ್ಕೆ ಕೇಳು. ಯಾವುದಕ್ಕೆ ಎಷ್ಟು ಅಂತ ಪರದೆ ಮೇಲೆ ಬರೆ, ಖರ್ಚಾದ ಮೇಲೆ ಲೆಕ್ಕವನ್ನೂ ಹಾಕು. ನೋಡಿ ಕಣ್ಣೊರೆಸಿಕೊಂಡು ಎದ್ದು ಹೋಗುವವರು ಜಾಸ್ತಿ. ದುಡ್ಡು ಎಲ್ಲಿಗೆ ಹೋಗುತ್ತೆ ಅಂತ ಗೊತ್ತಾದರೆ ಕೊಡುತ್ತಾರೆ.

ಇನ್ನೊಂದು ಮಾತು. ನಿಜವಾದ ಮಕ್ಕಳ ಮುಖ ತೋರಿಸಲೇಬೇಡ. ಒಪ್ಪಿಗೆ ಇಲ್ಲದೆ ಒಬ್ಬರ ಎಚ್‌ಐವಿ ವಿಷಯ ಬಯಲು ಮಾಡುವ ಹಾಗಿಲ್ಲ ಅಂತ 2017ರ ಕಾಯಿದೆಯೇ ಇದೆ. ಅಪ್ಪ ಅಮ್ಮ ಸಹಿ ಹಾಕಿದರೂ ಬೇಡ. ಆ ವಿಡಿಯೋ ಊರವರ ಮೊಬೈಲ್‌ನಲ್ಲಿ ಉಳಿಯುತ್ತೆ, ಮಗು ದೊಡ್ಡದಾಗುತ್ತೆ. ಕಲಾವಿದರನ್ನೇ ಹಾಕಿಕೋ.

ಕೊನೆಯಲ್ಲಿ 1097 ಎಚ್‌ಐವಿ ಸಹಾಯವಾಣಿ ನಂಬರನ್ನು ದೊಡ್ಡದಾಗಿ ಹಾಕು. ವಿಶ್ವ ಏಡ್ಸ್ ದಿನ ಅಂತ ಡಿಸೆಂಬರ್ 1ಕ್ಕೇ ಚಿತ್ರ ಬಿಡಬೇಕು ಅನ್ನೋ ಅವಸರ ಬೇಡ. ತಿದ್ದಿದ ಸ್ಕ್ರಿಪ್ಟ್ ಕಳಿಸು. ಲೆಕ್ಕ ನೋಡಿಕೊಳ್ಳೋಕೆ ನಾನಿದ್ದೇನೆ.

ನಿನ್ನ ಗೆಳೆಯ