ವಿಭಾಗ ದಾವೆಗಳು ಮೊದಲೇ ಮಧ್ಯಸ್ಥಿಕೆಗೆ ಹೋಗಲಿ

ಮಾನ್ಯ ಸಂಪಾದಕರೇ,

ಸಿವಿಲ್ ದಾವೆಗಳನ್ನು ಮಧ್ಯಸ್ಥಿಕೆಯಂಥ (ತಟಸ್ಥ ವ್ಯಕ್ತಿಯೊಬ್ಬರ ನೆರವಿನಿಂದ ಕೂತು ಮಾತನಾಡಿ ರಾಜಿಗೆ ಬರುವ) ದಾರಿಗಳಲ್ಲಿ ಉಭಯ ಪಕ್ಷಕಾರರ ಒಪ್ಪಿಗೆಯಿಂದ ಮುಗಿಸಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 89ನೇ ಕಲಮಿನಲ್ಲಿ 2002ರ ಜುಲೈ 1ರಿಂದಲೇ ಅವಕಾಶವಿದೆ. ವಾದಪತ್ರ, ಪ್ರತಿವಾದ ಪತ್ರಗಳು ಸಲ್ಲಿಕೆಯಾದ ಮೇಲೆ, ವಿವಾದಾಂಶಗಳನ್ನು, ಅಂದರೆ ತೀರ್ಮಾನವಾಗಬೇಕಾದ ಪ್ರಶ್ನೆಗಳನ್ನು, ರಚಿಸುವ ಮುನ್ನವೇ ನ್ಯಾಯಾಲಯ ಈ ಸಾಧ್ಯತೆಯನ್ನು ಪರಿಶೀಲಿಸಬೇಕೆಂದು ಸುಪ್ರೀಂ ಕೋರ್ಟ್ 2010ರ ಆಫ್ಕಾನ್ಸ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಆದರೂ ಎಷ್ಟೋ ದಾವೆಗಳಲ್ಲಿ ಸಾಕ್ಷಿಗಳನ್ನು ಎದುರು ಪಕ್ಷದ ವಕೀಲರು ಪ್ರಶ್ನಿಸುವ ಪಾಟೀಸವಾಲು ಮುಗಿದು, ಒಡಹುಟ್ಟಿದವರು ಒಬ್ಬರ ಮೇಲೊಬ್ಬರು ಆಡಬಾರದ್ದನ್ನೆಲ್ಲ ಪ್ರಮಾಣ ಮಾಡಿ ಆಡಿದ ನಂತರವೇ ರಾಜಿಯ ಪ್ರಸ್ತಾಪ ಬರುತ್ತದೆ.

ಇದರ ನಷ್ಟ ಹೆಚ್ಚಾಗಿ ತಟ್ಟುವುದು ಆಸ್ತಿ ವಿಭಾಗದ ದಾವೆಗಳಿಗೆ. ಇಲ್ಲಿ ತೀರ್ಪು ಬಂದ ಮಾತ್ರಕ್ಕೆ ಜಗಳ ಮುಗಿಯುವುದಿಲ್ಲ. ಯಾರಿಗೆ ಎಷ್ಟು ಪಾಲು ಎಂದು ಪ್ರಾಥಮಿಕ ಡಿಕ್ರಿ ಹೇಳುತ್ತದೆ. ಆ ಪಾಲು ಜಮೀನಿನ ಯಾವ ಬದಿಗೆ ಬರಬೇಕೆಂಬುದಕ್ಕೆ ಅಂತಿಮ ಡಿಕ್ರಿಯ ನಡವಳಿ, ಕೋರ್ಟ್ ಕಮಿಷನರ್ ಅಳತೆ, ಅದಕ್ಕೆ ತಕರಾರು, ಮೇಲ್ಮನವಿ ಎಂದು ಮತ್ತೆ ವಾಯಿದೆಗಳು ಶುರುವಾಗುತ್ತವೆ. ಮಧ್ಯಸ್ಥಿಕೆಯಲ್ಲಿ ಅದೇ ಕುಟುಂಬ ಕೊಳವೆಬಾವಿಯ ನೀರಿಗೆ ಪಾಳಿ ಗೊತ್ತು ಮಾಡಿಕೊಳ್ಳಬಹುದು, ಹಿಂದಿನ ತಾಕಿಗೆ ಹೋಗಲು ಬದುವಿನ ಮೇಲೆ ದಾರಿ ಬಿಡಬಹುದು, ತಾಯಿಯ ಜೀವನಾಂಶವನ್ನು ಯಾರು ಹೇಗೆ ಕೊಡಬೇಕೆಂದು ಬರೆದುಕೊಳ್ಳಬಹುದು.

ಮೋಟಾರು ಅಪಘಾತ ಪರಿಹಾರ, ಬ್ಯಾಂಕಿನ ಬಾಕಿ ಮುಂತಾದವು ಹಣದ ಮೊತ್ತವೊಂದೇ ಇತ್ಯರ್ಥವಾಗಬೇಕಾದ ಪ್ರಕರಣಗಳು. ಅವಕ್ಕೆ ಲೋಕ ಅದಾಲತ್ ಬಹಳ ಉಪಯುಕ್ತ, ಕಟ್ಟಿದ ನ್ಯಾಯಾಲಯ ಶುಲ್ಕವೂ ವಾಪಸಾಗುತ್ತದೆ. ಆದರೆ ಒಂದೇ ದಿನ ರಾಶಿ ಪ್ರಕರಣಗಳನ್ನು ಮುಗಿಸಬೇಕಾದ ಕಡೆ ವಿಭಾಗ ದಾವೆಯನ್ನೂ ತಂದು ನಿಲ್ಲಿಸುವುದು ಸರಿಯಲ್ಲ. ಲೋಕ ಅದಾಲತ್ತಿನ ಅವಾರ್ಡು, ಅಂದರೆ ಅಲ್ಲಿ ರಾಜಿಯ ಮೇಲೆ ಆಗುವ ಆದೇಶ, ಸಿವಿಲ್ ನ್ಯಾಯಾಲಯದ ಡಿಕ್ರಿಗೆ ಸಮ, ಅದರ ಮೇಲೆ ಮೇಲ್ಮನವಿಯಿಲ್ಲ. ಅವಸರದಲ್ಲಿ ಹಾಕಿದ ಸಹಿಯ ಪರಿಣಾಮ ಎಂಥದ್ದೆಂದು ಬೇರೆ ಹೇಳಬೇಕಿಲ್ಲ.

ಹೆಣ್ಣುಮಕ್ಕಳ ವಿಷಯದಲ್ಲಂತೂ ಈ ಎಚ್ಚರ ಇನ್ನೂ ಅಗತ್ಯ. ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕೆಂದು ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿ ಹೇಳಿದ್ದರೂ, ರಾಜಿ ಎಂದರೆ ಸಹೋದರಿಯರು ಅಷ್ಟಿಷ್ಟು ಹಣ ಪಡೆದು ಹಕ್ಕು ಬಿಡುವುದು ಎಂಬ ಭಾವನೆ ಹೋಗಿಲ್ಲ. ತವರಿನ ದಾಕ್ಷಿಣ್ಯಕ್ಕೆ ಕಟ್ಟುಬಿದ್ದು ತಲೆಯಾಡಿಸುವುದನ್ನು ಒಪ್ಪಿಗೆ ಎನ್ನಲಾಗದು. ಮಧ್ಯಸ್ಥಗಾರರು ಆಕೆಯೊಡನೆ ಪ್ರತ್ಯೇಕವಾಗಿ ಮಾತನಾಡಿ, ಬಿಟ್ಟುಕೊಡುವ ಪಾಲು ಎಷ್ಟೆಂಬುದನ್ನು ತಿಳಿಸಿಯೇ ಮುಂದುವರಿಯಬೇಕು. ಅಪ್ರಾಪ್ತ ವಯಸ್ಕರ ಪರವಾಗಿ ರಾಜಿ ಮಾಡಿಕೊಳ್ಳಲು ನ್ಯಾಯಾಲಯದ ಅನುಮತಿ ಕಡ್ಡಾಯವಾಗಿರುವುದೂ ಇಂಥದೇ ಕಾಳಜಿಯಿಂದ.

ರಾಜಿಗೆ ಒಪ್ಪದವರನ್ನು ಹಟಮಾರಿಗಳೆಂದು ಕಾಣುವುದೂ ತಪ್ಪು. ಖೋಟಾ ದಾಖಲೆ, ವಂಚನೆಯಂಥ ಗಂಭೀರ ಆರೋಪಗಳಿರುವ ಪ್ರಕರಣಗಳು ವಿಚಾರಣೆಯಿಂದಲೇ ತೀರ್ಮಾನವಾಗಬೇಕು.

ಬೆಂಗಳೂರಿನಲ್ಲಿ ಮಧ್ಯಸ್ಥಿಕೆ ಕೇಂದ್ರ 2007ರಿಂದಲೇ ಕೆಲಸ ಮಾಡುತ್ತಿದೆ. ತಾಲ್ಲೂಕು ಮಟ್ಟದ ಪ್ರತಿ ನ್ಯಾಯಾಲಯದ ಕಕ್ಷಿದಾರರಿಗೂ ತರಬೇತಿ ಪಡೆದ ಮಧ್ಯಸ್ಥಗಾರರು, ಗುಟ್ಟಾಗಿ ಕೂತು ಮಾತನಾಡಲು ಒಂದು ಕೋಣೆ, ಎರಡು ಮೂರು ಸಲವಾದರೂ ಕೂರುವಷ್ಟು ಸಮಯ ಸಿಗುವಂತೆ ಹೈಕೋರ್ಟ್ ಮತ್ತು ರಾಜ್ಯ ಕಾನೂನು ಸೇವಾ ಪ್ರಾಧಿಕಾರ ನೋಡಿಕೊಳ್ಳಬೇಕು. ರಾಜಿ ಅರ್ಜಿಯಲ್ಲಿ ಸರ್ವೆ ನಂಬರ್, ವಿಸ್ತೀರ್ಣ, ಚಕ್ಕುಬಂದಿ (ನಾಲ್ಕು ದಿಕ್ಕಿನ ಗಡಿ) ಬರೆದು, ಅಳತೆಯ ನಕ್ಷೆಯನ್ನು ಜೊತೆಗೆ ಲಗತ್ತಿಸಿದ ಮೇಲೆಯೇ ಪಕ್ಷಕಾರರ ಸಹಿ ಪಡೆಯುವ ಪದ್ಧತಿಯನ್ನು ಎಲ್ಲ ನ್ಯಾಯಾಲಯಗಳಲ್ಲೂ ಜಾರಿಗೆ ತರಬೇಕೆಂದು ಕೋರುತ್ತೇನೆ.

— ಓದುಗ