ರೇಷನ್ ಮತ್ತೆ ನಮ್ಮ ಸಂಘದಲ್ಲೇ: ಪಡಿತರ ಚೀಟಿದಾರರಿಗೆ ಪತ್ರ

ಎಲ್ಲ ಪಡಿತರ ಚೀಟಿದಾರರಿಗೆ ಸಂಘದ ನಮಸ್ಕಾರ.

ಬರುವ ತಿಂಗಳ ಒಂದನೇ ತಾರೀಖಿನಿಂದ ರೇಷನ್ ಮತ್ತೆ ನಮ್ಮ ಸಂಘದ ಕಟ್ಟಡದಲ್ಲೇ ಸಿಗುತ್ತದೆ. ಪಕ್ಕದೂರಿನ ಅಂಗಡಿಗೆ ಸೇರಿಸಿದ್ದ ಕಾರ್ಡುಗಳು ವಾಪಸ್ ಬಂದಿವೆ. ಹೊಸದಾಗಿ ಅರ್ಜಿ ಹಾಕಬೇಕಿಲ್ಲ, ಯಾರಿಗೂ ದುಡ್ಡು ಕೊಡಬೇಕಿಲ್ಲ. ಕಾರ್ಡ್ ತನ್ನಿ, ಬೆರಳಚ್ಚು ಕೊಡಿ, ಸಾಕು. ವಯಸ್ಸಾದವರು ಅಕ್ಕಿ ಚೀಲ ಇಟ್ಟುಕೊಂಡು ಬಸ್ಸಿಗೆ ಕಾಯುವುದು ತಪ್ಪಿತಲ್ಲ, ಅದೇ ನಮಗೆ ದೊಡ್ಡ ಸಮಾಧಾನ.

ಸಂಘ ಕೋರ್ಟಿನಲ್ಲಿ ಗೆದ್ದಿತಂತೆ ಎಂದು ಊರಲ್ಲಿ ಮಾತಿದೆ. ಅದು ಪೂರ್ತಿ ನಿಜವಲ್ಲ. ಹಾಗಾಗಿ ಆಗಿದ್ದನ್ನು ಆದಂತೆಯೇ ಹೇಳುತ್ತೇವೆ.

ತಪಾಸಣೆಯ ದಿನ ಬೆರಳಚ್ಚಿನ ಯಂತ್ರ ತೋರಿಸಿದ ದಾಸ್ತಾನಿಗೂ ಗೋದಾಮಿನ ಅಕ್ಕಿಗೂ ತಾಳೆಯಾಗಲಿಲ್ಲ ಎಂದು ಆಹಾರ ಇಲಾಖೆಯ ಅಧಿಕಾರಿಗಳು ಬರೆದುಕೊಂಡರು. ಬಾಯಿ ಬಿಚ್ಚಿದ ಚೀಲಗಳನ್ನು ತೂಗಲಿಲ್ಲ, ಕಣ್ಣಂದಾಜಿನ ಲೆಕ್ಕ ಹಾಕಿದರು. ಹಮಾಲರ ಕೊಕ್ಕೆ ಚುಚ್ಚಿ ಸೋರಿದ ಅಕ್ಕಿಯನ್ನು ಗುಡಿಸಿ ಬೇರೆ ಚೀಲದಲ್ಲಿ ತುಂಬಿಟ್ಟಿದ್ದೆವು. ಅದು ಲೆಕ್ಕಕ್ಕೇ ಬರಲಿಲ್ಲ. ಮೊದಲು ಅಮಾನತು, ಆಮೇಲೆ ಲೈಸೆನ್ಸ್ ರದ್ದು. ತಪಾಸಣಾ ವರದಿಯ ಪ್ರತಿ ಕೇಳಿದರೂ ಕೊಡಲಿಲ್ಲ. ನಾವು ಪುಟಗಟ್ಟಲೆ ಕೊಟ್ಟ ಉತ್ತರಕ್ಕೆ ಆದೇಶದಲ್ಲಿ ಇದ್ದದ್ದು ಒಂದೇ ಸಾಲು: ಸಮಜಾಯಿಷಿ ಸಮಾಧಾನಕರವಾಗಿಲ್ಲ.

ಮೇಲ್ಮನವಿಯಲ್ಲೂ ಅದೇ ಉಳಿದಾಗ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನ ಧಾರವಾಡ ಪೀಠಕ್ಕೆ ರಿಟ್ ಅರ್ಜಿ, ಅಂದರೆ ಸರ್ಕಾರಿ ಆದೇಶವನ್ನು ಪ್ರಶ್ನಿಸುವ ಅರ್ಜಿ, ಹಾಕಿದೆವು. ಇಂಥ ಅರ್ಜಿಯಲ್ಲಿ ಸಾಮಾನ್ಯವಾಗಿ ಕೋರ್ಟು ಅಕ್ಕಿಯ ಲೆಕ್ಕವನ್ನು ಮತ್ತೆ ಮೊದಲಿಂದ ನೋಡುವುದಿಲ್ಲ. ಅಧಿಕಾರಿಗಳು ನೋಟಿಸ್ ಕೊಟ್ಟರಾ, ಆರೋಪಕ್ಕೆ ಆಧಾರವಾದ ಕಾಗದ ತೋರಿಸಿದರಾ, ಉತ್ತರ ಓದಿ ಕಾರಣ ಬರೆದರಾ, ಶಿಕ್ಷೆ ತಪ್ಪಿಗೆ ತಕ್ಕಷ್ಟಿದೆಯಾ, ಇದನ್ನು ನೋಡುತ್ತದೆ. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ಅಫಿಡವಿಟ್ಟಿನಲ್ಲಿ ಸೇರಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1977ರಲ್ಲೇ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಹೇಳಿದೆ. 1987ರ ರಂಜಿತ್ ಠಾಕೂರ್ ಪ್ರಕರಣ ಇನ್ನೂ ಮನಸ್ಸಿಗೆ ನಾಟುವಂಥದ್ದು. ಊಟ ಮಾಡು ಎಂಬ ಆದೇಶ ಪಾಲಿಸದ ಸೈನಿಕನಿಗೆ ಒಂದು ವರ್ಷ ಜೈಲು ಕೊಟ್ಟು ಕೆಲಸದಿಂದಲೂ ತೆಗೆದಿದ್ದರು. ಆ ಶಿಕ್ಷೆ ವಿಪರೀತವಾಯಿತು ಎಂದು ಕೋರ್ಟು ಅದನ್ನು ರದ್ದು ಮಾಡಿತು. ರೇಷನ್ ಅಂಗಡಿಗೂ ಈ ನ್ಯಾಯ ಸಿಗಬೇಕು, ಅಲ್ವಾ? ದಾಸ್ತಾನಿನ ಫಲಕ ಬರೆಯದಿದ್ದಕ್ಕೂ ಅಕ್ಕಿ ಕಾಳಸಂತೆಗೆ ಮಾರಿದ್ದಕ್ಕೂ ಒಂದೇ ಶಿಕ್ಷೆ ಆಗಬಾರದು.

ನಮ್ಮ ವಿಷಯದಲ್ಲಿ ರದ್ದತಿ ಆದೇಶ ಬಿದ್ದುಹೋಗಿದೆ. ಆದರೆ ವರದಿಯ ಪ್ರತಿ ಕೊಟ್ಟು ಹೊಸದಾಗಿ ವಿಚಾರಣೆ ನಡೆಸಿ ಎಂದು ಕೋರ್ಟು ಹೇಳಿದೆ. ದಂಡ ಬೀಳಬಹುದು, ಮತ್ತೆ ರದ್ದೂ ಆಗಬಹುದು. ಏನೇ ಆದರೂ ನಿಮ್ಮ ಪಾಲಿನ ಧಾನ್ಯ ನಿಲ್ಲುವಂತಿಲ್ಲ. 2013ರ ಆಹಾರ ಭದ್ರತಾ ಕಾಯ್ದೆಯಂತೆ ಅಂತ್ಯೋದಯ ಕುಟುಂಬಕ್ಕೆ ತಿಂಗಳಿಗೆ 35 ಕೆ.ಜಿ., ಆದ್ಯತಾ ಕಾರ್ಡಿನವರಿಗೆ ತಲೆಗೆ 5 ಕೆ.ಜಿ. ಹಕ್ಕಿನದು.

ಇನ್ನು ಮುಂದೆ ಲಾರಿ ಬಂದ ದಿನ ಪ್ರತಿ ಚೀಲವನ್ನೂ ಇಬ್ಬರು ಕಾರ್ಡುದಾರರ ಎದುರಿಗೇ ತೂಗಿ ಅವರ ಸಹಿ ತೆಗೆದುಕೊಳ್ಳುತ್ತೇವೆ. ತಕ್ಕಡಿಯ ಅಂಕಿ ನಿಮ್ಮ ಕಡೆಗೆ ಕಾಣುವಂತೆ ಇರುತ್ತದೆ. ತೂಕ ಕಮ್ಮಿ ಅನ್ನಿಸಿದರೆ ಸುಮ್ನೆ ಹೋಗಬೇಡಿ, ಅಲ್ಲೇ ಕೇಳಿ. ನಮ್ಮ ಉತ್ತರ ಒಪ್ಪಿಗೆಯಾಗದಿದ್ದರೆ ರೇಷನ್ ಸಹಾಯವಾಣಿ 1967ಕ್ಕೆ ಫೋನ್ ಮಾಡಿ.

ಪಕ್ಕದೂರಿನ ಅಂಗಡಿಯವರು ಇಷ್ಟು ತಿಂಗಳು ನಮ್ಮೂರಿನವರಿಗೂ ರೇಷನ್ ಕೊಟ್ಟರು, ಅವರಿಗೆ ಋಣಿ. ಅಲ್ಲೇ ಅನುಕೂಲ ಎನ್ನುವವರು ಅಲ್ಲೇ ತೆಗೆದುಕೊಳ್ಳಬಹುದು.

ಇಂತಿ,
ಕಾರ್ಯದರ್ಶಿ ಹಾಗೂ ಆಡಳಿತ ಮಂಡಳಿ