ಇವರು ಮನೇಲಿ ಯಾವ ಕನ್ನಡ ಮಾತಾಡ್ತಿದ್ರು?

ಆತ್ಮೀಯರೇ,

ರಾಜ್ಯೋತ್ಸವದ ಬಗ್ಗೆ ಬರೆಯಬೇಕೆಂದು ಮೂರು ದಿನದಿಂದ ಕೂತು ಏಳುತ್ತಿದ್ದೇನೆ. ಈಗ ರಾತ್ರಿ ಹನ್ನೊಂದೂವರೆ. ಬೆಳಿಗ್ಗೆ ಪುಟಗಳು ಮುದ್ರಣಕ್ಕೆ ಹೋಗಬೇಕು. ತಲೆಯಲ್ಲಿ ಬೇರೊಂದು ಮಾತು ಕೂತಿದೆ, ಅದನ್ನು ಬರೆದ ಹೊರತು ಇನ್ನೇನೂ ಬರೆಯಲಾಗುತ್ತಿಲ್ಲ.

ಕಳೆದ ತಿಂಗಳು ಮಗಳನ್ನು ಸ್ಯಾನ್ ವಾನ್ ಬೌಟಿಸ್ಟಾ ಮಿಷನ್ ನೋಡಲು ಕರೆದುಕೊಂಡು ಹೋಗಿದ್ದೆವು. ಈ ಕ್ಯಾಲಿಫೋರ್ನಿಯಾದಲ್ಲಿ ಮಕ್ಕಳನ್ನು ಬೆಳೆಸಿದವರಿಗೆ ಹೇಳಬೇಕಿಲ್ಲ, ನಾಲ್ಕನೇ ತರಗತಿ ಅಂದರೆ ಮಿಷನ್ ಪಾಠ, ಸ್ಪೇನಿನ ಪಾದ್ರಿಗಳು ಇಲ್ಲಿಯ ಮೂಲನಿವಾಸಿಗಳನ್ನು ಕ್ರೈಸ್ತರನ್ನಾಗಿಸಲು ಕಟ್ಟಿದ ನೆಲೆಗಳ ಪಾಠ. ದೊಡ್ಡವನ ಕಾಲದಲ್ಲಿ ಥರ್ಮಾಕೋಲಿನ ಗೋಡೆ ನಿಲ್ಲಿಸಿ, ಹೆಂಚಿನ ಬದಲು ಪಾಸ್ತಾ ಅಂಟಿಸಿ, ಕೆಂಪು ಬಣ್ಣ ಬಳಿದು ಮಿಷನ್ ಮಾದರಿ ಕಟ್ಟಿದ್ದೆವು. 2016ರಲ್ಲಿ ಹೊಸ ಪಠ್ಯ ಚೌಕಟ್ಟು ಬಂದ ಮೇಲೆ ಮಾದರಿ ಕಟ್ಟಿಸುವುದು ಕಡಿಮೆಯಾಗಿದೆ. ಅಲ್ಲಿ ಬಾಳಿದ ಜನರ ಬಗ್ಗೆ ಓದಿಸಿ ಎನ್ನುತ್ತದೆ ಅದು. ಹಾಗಾಗಿ ಮಗಳು ಪುಸ್ತಕ ಓದಿಕೊಂಡೇ ಬಂದಿದ್ದಳು.

ಅಲ್ಲಿಯ ಚರ್ಚಿನ ನೆಲಕ್ಕೆ ಕೆಂಪು ಮಣ್ಣಿನ ಬಿಲ್ಲೆ ಹಾಸಿದ್ದಾರೆ. ಕೆಲವು ಬಿಲ್ಲೆಗಳ ಮೇಲೆ ಪ್ರಾಣಿಗಳ ಹೆಜ್ಜೆಗುರುತು ಇವೆ. ಹಸಿ ಬಿಲ್ಲೆಯನ್ನು ಬಿಸಿಲಿಗೆ ಒಣಹಾಕಿದ್ದಾಗ ಯಾವುದೋ ಪ್ರಾಣಿ ನಡೆದುಹೋಗಿದೆ, ಹಾಗೆಯೇ ಸುಟ್ಟಿದ್ದಾರೆ. ಇನ್ನೂರು ವರ್ಷ ದಾಟಿದರೂ ಬೆರಳುಗಳು ಎಣಿಸುವಷ್ಟು ಸ್ಪಷ್ಟ. ಆ ಮಣ್ಣನ್ನು ತುಳಿದು ಹದಮಾಡಿದವರು, ಅಚ್ಚಿಗೆ ಹಾಕಿದವರು, ಸುಟ್ಟವರು ಇಲ್ಲಿಯ ಮೂಲನಿವಾಸಿಗಳಾದ ಮುತ್ಸುನ್ ಜನ. ಅವರ ಗುರುತು ಬಿಲ್ಲೆಗಳ ಮೇಲಿಲ್ಲ. ಅವರು ಚರ್ಚಿನ ಪಕ್ಕದ ಗೋಡೆಯಾಚೆ ಇದ್ದಾರೆ. ಒಂದು ಸಣ್ಣ ಅಂಗಳ, ಅದರಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಜನರನ್ನು ಹೂತಿದ್ದಾರೆ, ಬಹುತೇಕರಿಗೆ ಹೆಸರಿನ ಕಲ್ಲಿಲ್ಲ.

ಅಲ್ಲಿ ನಿಂತಾಗ ಮಗಳು ಕೇಳಿದಳು: "ಅಮ್ಮಾ, ಇವರು ಮನೇಲಿ ಯಾವ ಕನ್ನಡ ಮಾತಾಡ್ತಿದ್ರು?"

"ಮನೇಲಿ ಕನ್ನಡ ಮಾತಾಡು" ಎಂದು ನಾವು ದಿನಕ್ಕೆ ಹತ್ತು ಸಲ ಹೇಳುತ್ತೇವಲ್ಲ. ಅವಳ ಲೆಕ್ಕದಲ್ಲಿ ಕನ್ನಡ ಅಂದರೆ ಮನೆಯ ಮಾತು, ಪ್ರತಿ ಮನೆಗೂ ಒಂದೊಂದು ಕನ್ನಡ ಇರುತ್ತದೆ.

ನನಗೆ ತಟ್ಟನೆ ಉತ್ತರ ಹೊಳೆಯಲಿಲ್ಲ. ಹೊಳೆದದ್ದು ತೀರ್ಥಹಳ್ಳಿ ಕಡೆಯ ಅಜ್ಜನ ಮನೆಯ ಮಾಡು. ಬೇಸಿಗೆ ರಜೆಯಲ್ಲಿ ಮಧ್ಯಾಹ್ನ ಊಟ ಮುಗಿಸಿ ಜಗಲಿಯಲ್ಲಿ ಚಾಪೆ ಹಾಸಿ ಅಂಗಾತ ಮಲಗಿದರೆ ಮೇಲೆ ಮಂಗಳೂರು ಹೆಂಚಿನ ಸಾಲು. ಪ್ರತಿ ಹೆಂಚಿನ ಒಳಮೈಯಲ್ಲೂ ಇಂಗ್ಲಿಷ್ ಅಕ್ಷರ. ಶಾಲೆಯಲ್ಲಿ ಎ ಬಿ ಸಿ ಡಿ ಶುರುವಾದ ವರ್ಷ ನಾನು ಮೊದಲು ಕೂಡಿಸಿ ಓದಿದ ಇಂಗ್ಲಿಷ್ ಪದ ಅಲ್ಲಿಯದೇ: ಬಾಸೆಲ್ ಮಿಷನ್. ಎರಡು ಹೆಂಚಿನ ನಡುವೆ ಒಂದು ಗಾಜಿನ ಹೆಂಚಿತ್ತು. ಅದರಿಂದ ಇಳಿದ ಬಿಸಿಲಿನ ಕೋಲು ಸಂಜೆಯೊಳಗೆ ಅಡಕೆ ಚೀಲದಿಂದ ಬಾವಿಮನೆ ಬಾಗಿಲಿನವರೆಗೆ ನಡೆದುಹೋಗುತ್ತಿತ್ತು. ಮಳೆಗಾಲಕ್ಕೆ ಮುಂಚೆ ಅಜ್ಜ ಮಾಡಿಗೆ ಏಣಿ ಇಟ್ಟು, ಒಡೆದವನ್ನು ತೆಗೆಸಿ ಬೇರೆ ಹೊದಿಸುತ್ತಿದ್ದರು. "ಮಿಷನ್ ಹೆಂಚು ಕಣೇ, ಸೋರಾಕಿಲ್ಲ" ಅನ್ನುತ್ತಿದ್ದರು. ಆಮೇಲೆ ಮೈಸೂರಿನಲ್ಲಿ ಓದುವಾಗ ಮಿಷನ್ ಅಂದರೆ ಕಿಟೆಲ್ ನಿಘಂಟು, 1843ರ ಮಂಗಳೂರು ಸಮಾಚಾರ, ಕನ್ನಡದ ಅಚ್ಚಿನ ಮೊಳೆ. ಆ ಪದದಲ್ಲಿ ನನಗೆ ಎಂದೂ ನೋವು ಕೇಳಿಸಿರಲಿಲ್ಲ. ನಿಮ್ಮಲ್ಲಿ ಬಹಳ ಜನಕ್ಕೂ ಕೇಳಿಸಿರಲಿಕ್ಕಿಲ್ಲ.

ಬಾಸೆಲ್ಲಿನವರು ಮಂಗಳೂರಿಗೆ ಬಂದಿಳಿದದ್ದು 1834ರಲ್ಲಿ. ಅದೇ ವರ್ಷ, ಸ್ಪೇನಿನ ನಂತರ ಇಲ್ಲಿ ಆಳುತ್ತಿದ್ದ ಮೆಕ್ಸಿಕೋ ಆಡಳಿತ ಮಿಷನ್‌ಗಳನ್ನು ಪಾದ್ರಿಗಳ ಕೈಯಿಂದ ಬಿಡಿಸಿಕೊಳ್ಳಲು ಹೊರಟಿತ್ತು. ಅಷ್ಟು ಹೊತ್ತಿಗೆ ಇಲ್ಲಿಯವರ ಬದುಕು ಮುರಿದಾಗಿತ್ತು. 1769ರಲ್ಲಿ ಸ್ಪೇನಿನ ಪಾದ್ರಿ ಹೂನಿಪೆರೊ ಸೆರ್ರಾ ಸ್ಯಾನ್ ಡಿಯೇಗೊದಲ್ಲಿ ಮೊದಲ ಮಿಷನ್ ಹೂಡಿದ ಮೇಲೆ, 1823ರೊಳಗೆ ಕರಾವಳಿಯುದ್ದಕ್ಕೂ 21 ಎದ್ದವು. ನಮ್ಮ ಸಾಂತಾ ಕ್ಲಾರಾದ್ದು 1777, ಫ್ರೀಮಾಂಟಿನ ಸ್ಯಾನ್ ಹೊಸೆ ಮತ್ತು ಈ ಸ್ಯಾನ್ ವಾನ್ ಬೌಟಿಸ್ಟಾ ಎರಡೂ 1797ರ ಜೂನ್ ತಿಂಗಳವು. ದೀಕ್ಷಾಸ್ನಾನದ ನೀರು ತಲೆಗೆ ಬಿತ್ತು ಅಂದರೆ ಆಯಿತು, ಅಪ್ಪಣೆಯಿಲ್ಲದೆ ಮಿಷನ್ ಬಿಟ್ಟು ಹೋಗುವಂತಿಲ್ಲ. ಓಡಿಹೋದವರನ್ನು ಸಿಪಾಯಿಗಳು ಹಿಡಿದು ತರುತ್ತಿದ್ದರು, ಆಮೇಲೆ ಚಾಟಿ, ಕಾಲಿಗೆ ಕೋಳ. ಏಳೆಂಟು ವರ್ಷ ದಾಟಿದ ಹೆಣ್ಣುಮಕ್ಕಳನ್ನು ಅಪ್ಪ ಅಮ್ಮನಿಂದ ಬಿಡಿಸಿ, ಮದುವೆಯಾಗುವವರೆಗೆ ರಾತ್ರಿ ಒಂದು ಕೋಣೆಯಲ್ಲಿ ಕೂಡಿ ಬೀಗ ಹಾಕುತ್ತಿದ್ದರು. ನನ್ನ ಮಗಳಿಗೆ ಈಗ ಒಂಬತ್ತು. ಒತ್ತಾಗಿ ಮಲಗಿಸಿದ ಅಂಥ ಕೋಣೆಗಳಲ್ಲಿ ರೋಗ ಬೇಗ ಹಬ್ಬುತ್ತಿತ್ತು. 1806ರ ದಡಾರ ಈ ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿಯ ಸುತ್ತಲಿನ ಮಿಷನ್‌ಗಳಲ್ಲಿ ಎಳೆಯ ಮಕ್ಕಳನ್ನು ಗುಡಿಸಿ ಹಾಕಿತು. ಮಿಷನ್ ದನಗಳು ಅವರು ಆರಿಸಿ ತಿನ್ನುವ ಕಾಡುಬೀಜಗಳನ್ನು ಮೇಯ್ದವು. ಹುಲ್ಲುಗಾವಲಿಗೆ ಹದವಾಗಿ ಬೆಂಕಿ ಕೊಟ್ಟು ಕಾಯುತ್ತಿದ್ದ ಅವರ ಪದ್ಧತಿಯನ್ನು 1793ರಲ್ಲಿ ರಾಜ್ಯಪಾಲ ಆರಿಯಾಗ ನಿಷೇಧಿಸಿದ. ಕಾಡ್ಗಿಚ್ಚಿನ ಹೊಗೆ ತುಂಬಿದ ಸೆಪ್ಟೆಂಬರ್‌ಗಳಲ್ಲಿ ಕಿಟಕಿ ಮುಚ್ಚಿ ಕೂರುವ ನಾವು ಈ ಇಸವಿಯನ್ನು ನೆನಪಿಡಬೇಕು.

ಎಲ್ಲವನ್ನೂ ಸ್ಪೇನಿನವರ ತಲೆಗೆ ಕಟ್ಟುವುದೂ ಸರಿಯಲ್ಲ. ಮಿಷನ್ ಮುಚ್ಚಿದಾಗ ಅಲ್ಲಿಯ ಜನಕ್ಕೆ ಕೊಡುತ್ತೇವೆಂದ ಭೂಮಿ ಬಹುಪಾಲು ದೊಡ್ಡ ರಾಂಚುಗಳ, ಅಂದರೆ ದನ ಸಾಕುವ ಜಮೀನುಗಳ, ಒಡೆಯರ ಪಾಲಾಯಿತು. ಅಮೆರಿಕದವರು ಬಂದ ಮೇಲೆ 1850ರ ಕಾನೂನು ಅವರನ್ನು ಜೀತಕ್ಕೆ ತಳ್ಳಲು ದಾರಿ ಮಾಡಿತು. ರಾಜ್ಯ ಕ್ಷಮೆ ಕೇಳಿದ್ದು 2019ರಲ್ಲಿ. ಅದಕ್ಕೆ ನಾಲ್ಕು ವರ್ಷ ಮುಂಚೆ ಸೆರ್ರಾಗೆ ಸಂತಪದವಿ ಸಿಕ್ಕಿತ್ತು.

ಮಗಳ ಪ್ರಶ್ನೆಗೆ ಬರುತ್ತೇನೆ. ಅವರು ಮನೆಯಲ್ಲಿ ಆಡುತ್ತಿದ್ದದ್ದು ಮುತ್ಸುನ್. ಅದನ್ನು ತಾಯಿಯಿಂದ ಕಲಿತು ನಿರರ್ಗಳವಾಗಿ ಆಡುತ್ತಿದ್ದ ಕೊನೆಯವರು ಅಸೆನ್ಸಿಯೋನ್ ಸೊಲೋರ್ಸಾನೊ. ಗಿಲ್ರಾಯ್‌ನಲ್ಲಿ ಬೇರು ನಾರುಗಳ ಮದ್ದು ಕೊಡುತ್ತಿದ್ದರು, ರೋಗಿಗಳನ್ನು ಮನೆಯಲ್ಲೇ ಇಟ್ಟುಕೊಂಡು ನೋಡಿಕೊಳ್ಳುತ್ತಿದ್ದರು. ಬೆಳ್ಳುಳ್ಳಿ ವಾಸನೆ ಬಂತೆಂದು ನಾವು ಕಾರಿನ ಗಾಜು ಏರಿಸುವ ಅದೇ ಗಿಲ್ರಾಯ್. 1929ರಲ್ಲಿ ಅವರು ಕಾಯಿಲೆ ಬಿದ್ದು ಮಲಗಿದ್ದಾಗ ಭಾಷಾಶಾಸ್ತ್ರಜ್ಞ ಹ್ಯಾರಿಂಗ್ಟನ್ ಹಾಸಿಗೆಯ ಪಕ್ಕ ಕೂತು ದಿನಗಟ್ಟಲೆ ಬರೆದುಕೊಂಡರು. ಪದ, ಮದ್ದು, ಹಾಡು, ಊರ ಹೆಸರು, ಎಲ್ಲ. 1930ರ ಜನವರಿಯಲ್ಲಿ ಅಸೆನ್ಸಿಯೋನ್ ತೀರಿಕೊಂಡರು. ನಾವು ನಿಂತಿದ್ದ ಅದೇ ಅಂಗಳದಲ್ಲಿ ಮಣ್ಣಾದರು.

ಅದಕ್ಕೂ ಸುಮಾರು ನೂರು ವರ್ಷ ಮುಂಚೆ ಅದೇ ಮಿಷನ್‌ನಲ್ಲಿ ಫೆಲಿಪೆ ಅರ್ರೊಯೊ ದೆ ಲಾ ಕ್ವೆಸ್ತಾ ಎಂಬ ಪಾದ್ರಿ ಮುತ್ಸುನ್ ವ್ಯಾಕರಣ ಬರೆದಿಟ್ಟಿದ್ದರು. ಕಿಟೆಲ್ ನೆನಪಾಗದೆ ಇರಲಾರದು. ಆದರೆ 1894ರಲ್ಲಿ ಕಿಟೆಲ್ ನಿಘಂಟು ಬಂದಾಗ ಅದನ್ನು ತೆರೆದು ತಪ್ಪು ಹಿಡಿಯುವಷ್ಟು ಕನ್ನಡಿಗರಿದ್ದರು, ಸಂತೆ ಇತ್ತು, ಯಕ್ಷಗಾನ ಇತ್ತು, ಜಗಳ ಇತ್ತು. ಇಲ್ಲಿ ವ್ಯಾಕರಣ ಉಳಿಯಿತು, ಆಡುವ ಮನೆಗಳು ಖಾಲಿಯಾದವು.

ಆದರೂ ಅವರ ವಂಶದವರು ಕೈಬಿಟ್ಟಿಲ್ಲ. ಅಮಾ ಮುತ್ಸುನ್ ಸಮುದಾಯದವರು ಭಾಷಾಶಾಸ್ತ್ರಜ್ಞರ ಜೊತೆ ಕೂತು, ಆ ಪಾದ್ರಿಯ ಹಸ್ತಪ್ರತಿ, ಹ್ಯಾರಿಂಗ್ಟನ್ ಟಿಪ್ಪಣಿ ಎಲ್ಲ ಜಾಲಾಡಿ 2016ರಲ್ಲಿ ನಿಘಂಟು ತಂದರು. ಅದನ್ನಿಟ್ಟುಕೊಂಡು ಮತ್ತೆ ಮಾತಾಡಲು ಕಲಿಯುತ್ತಿದ್ದಾರೆ. ಆ ಭಾಷೆಯಲ್ಲಿ ತ ಬೇರೆ, ಟ ಬೇರೆ. ಹ್ರಸ್ವ ಬೇರೆ, ದೀರ್ಘ ಬೇರೆ. ಒಂಟಿ ವ್ಯಂಜನಕ್ಕೂ ಒತ್ತಿಗೂ ಅರ್ಥವ್ಯತ್ಯಾಸವಿದೆ. ದಿನಕ್ಕೆ ಅವರು ಟೂಹಿಸ್ ಅನ್ನುತ್ತಾರೆ. ಇಂಗ್ಲಿಷಿನ ಒಂದೇ ಟಿ ಆ ಭಾಷೆಗೆ ಸಾಲದು, ನಮ್ಮ ಮಕ್ಕಳ ಕಾಗುಣಿತದಲ್ಲಿ ಸಲೀಸಾಗಿ ಕೂರುತ್ತದೆ. ಇದನ್ನು ಹೇಳಿದಾಗ ಮಗಳ ಮುಖ ಅರಳಿದ್ದನ್ನು ನೀವು ನೋಡಬೇಕಿತ್ತು.

ದಿನಸಿಗೆಂದು ಎಲ್ ಕಮಿನೊ ರಸ್ತೆಯಲ್ಲಿ ಹೋಗುವಾಗ ಕೊಕ್ಕೆಯಂಥ ಕಂಬಕ್ಕೆ ಗಂಟೆ ತೂಗುಹಾಕಿರುವುದನ್ನು ನೋಡಿರುತ್ತೀರಿ. ನಮಗೆ ಗಂಟೆ ಅಂದರೆ ಮಂಗಳಾರತಿ, ಕೈ ತಾನಾಗಿ ಮುಗಿಯುತ್ತದೆ. ಇವು ಮಿಷನ್ ಗಂಟೆಯ ನೆನಪಿಗೆ 1906ರಿಂದ ನೆಟ್ಟವು. ಯಾವಾಗ ಏಳಬೇಕು, ಯಾವಾಗ ಉಣ್ಣಬೇಕು, ಯಾವಾಗ ದುಡಿಯಬೇಕು ಎಂದು ಹೊಡೆಯುತ್ತಿದ್ದ ಗಂಟೆ ಅದು. ಅಮಾ ಮುತ್ಸುನ್ ಸಮುದಾಯ ಕೇಳಿಕೊಂಡ ಮೇಲೆ ಸಾಂತಾ ಕ್ರೂಜ್ ವಿಶ್ವವಿದ್ಯಾಲಯ 2019ರಲ್ಲಿ ತನ್ನ ಆವರಣದ ಗಂಟೆಯನ್ನು ಇಳಿಸಿತು.

ನವೆಂಬರ್ ನಮಗೆ ರಾಜ್ಯೋತ್ಸವ, ಈ ದೇಶದಲ್ಲಿ ಮೂಲನಿವಾಸಿಗಳ ಪರಂಪರೆಯ ತಿಂಗಳೂ ಹೌದು. ಈ ಸಲ ನಾಡಗೀತೆಗೆ ಮುಂಚೆ ಐದು ನಿಮಿಷ, ನಾವು ನಿಂತಿರುವ ನೆಲ ಯಾರದೆಂದು ವೇದಿಕೆಯಿಂದ ಹೇಳೋಣ. ಸಮಿತಿಯಲ್ಲಿ "ಕಾರ್ಯಕ್ರಮ ಆಗಲೇ ಉದ್ದ" ಎಂಬ ಮಾತು ಬಂದಿದೆ. ಐದು ನಿಮಿಷ ನಾನು ನನ್ನ ಸ್ವಾಗತ ಭಾಷಣದಿಂದ ಬಿಟ್ಟುಕೊಡುತ್ತೇನೆ.

ಇನ್ನು ಸೂಚನೆಗಳು. ರಾಜ್ಯೋತ್ಸವ ನವೆಂಬರ್ ಎರಡನೇ ಶನಿವಾರ, ಮಧ್ಯಾಹ್ನ ಎರಡಕ್ಕೆ ಶುರು, ಊಟದ ಚೀಟಿ ಮುಂಚಿತವಾಗಿ ತೆಗೆದುಕೊಳ್ಳಿ, ಬಿಸಿಬೇಳೆಬಾತ್ ಹೋದ ವರ್ಷದಂತೆ ಸಾಲದೆ ಹೋಗಬಾರದು. ಮಕ್ಕಳ ನೃತ್ಯದ ಹಾಡನ್ನು ಹತ್ತು ದಿನ ಮುಂಚೆ ಕಳಿಸಿ. ಗ್ರಂಥಾಲಯದ ಪುಸ್ತಕ ಒಯ್ದವರು ದಯವಿಟ್ಟು ತಂದುಕೊಡಿ. ಕನ್ನಡ ಶಾಲೆಗೆ ಭಾನುವಾರ ಬೆಳಿಗ್ಗೆ ಎರಡು ಗಂಟೆ ಕೊಡಬಲ್ಲ ಇಬ್ಬರು ಬೇಕು. ಎರಡನೇ ಹಂತದ ಹದಿನಾಲ್ಕು ಮಕ್ಕಳಿಗೆ ಈಗ ಟೀಚರಿಲ್ಲ. ಈ ಪತ್ರಿಕೆಯ ಪುಟ ಜೋಡಿಸಲೂ ಒಬ್ಬರು ಬೇಕು. ಆರು ವರ್ಷದಿಂದ ಒಬ್ಬಳೇ ಮಾಡುತ್ತಿದ್ದೇನೆ, ಕಣ್ಣು ಸೋಲುತ್ತಿದೆ. ಬಂದವರಿಗೆ ಕೂತು ಹೇಳಿಕೊಡುತ್ತೇನೆ.

ಮುಖಪುಟದ ಚಿತ್ರ ಮಗಳು ತೆಗೆದದ್ದು, ನೆಲದ ಬಿಲ್ಲೆಯ ಮೇಲಿನ ಹೆಜ್ಜೆ. ಅಂಚಿನಲ್ಲಿ ಅರ್ಧ ಕಾಣುತ್ತಿರುವುದು ಅವಳ ಚಪ್ಪಲಿ. ಕತ್ತರಿಸಬೇಡ ಅಂದಳು, ಹಾಗೇ ಬಿಟ್ಟಿದ್ದೇನೆ.

ನಿಮ್ಮ ಸಂಪಾದಕಿ